ಅಜ್ಜಿಗೆ ಕಾಣುವ ವೇಷದವರು, ಮೇಲೇರುವ ಬಂಡೆ: ಕಣ್ಣು–ಮೆದುಳಿನ ಬಗ್ಗೆ ನಿಮ್ಮ ಪ್ರಶ್ನೆಗಳು

ಕಣ್ಣಿನ ಬಗ್ಗೆ ಏನಾದರೂ ಕೇಳಿ ಅಂದಾಗ ಪೊರೆ, ಕನ್ನಡಕ, ಮೊಬೈಲ್ ನೋಡಿ ಕಣ್ಣುರಿ, ಇಂಥ ಪ್ರಶ್ನೆಗಳೇ ಜಾಸ್ತಿ ಬರುತ್ತವೆ. ಈ ಸಲ ಕಾರವಾರದಿಂದ ಶಿರಸಿಯವರೆಗಿನ ಪತ್ರಗಳಲ್ಲಿ ಆರು ಬೇರೆ ಥರದವು ಸಿಕ್ಕವು. ಆರೂ ಕಣ್ಣಿನಿಂದ ಶುರುವಾಗಿ ಮೆದುಳಿಗೆ ಹೋಗಿ ಮುಟ್ಟುತ್ತವೆ. ಕಣ್ಣಿನ ಡಾಕ್ಟರಾಗಿ ಇಷ್ಟು ವರ್ಷ ಕಳೆದ ಮೇಲೂ ನನಗೆ ಬೇಸರ ಬಾರದ ವಿಷಯ ಇದು. ಹಾಗಾಗಿ ಸ್ವಲ್ಪ ಉದ್ದವಾಗಿಯೇ ಬರೆದಿದ್ದೇನೆ.

ಪ್ರಶ್ನೆ: ಕಣ್ಣಿನೊಳಗೆ ಚಿತ್ರ ತಲೆಕೆಳಗಾಗಿ ಬೀಳುತ್ತದೆ ಅಂತ ಪಾಠದಲ್ಲಿದೆ. ಆದರೆ ಟಾಗೋರ್ ಬೀಚಿನಲ್ಲಿ ನಿಂತು ನೋಡಿದರೆ ಬೋಟಿನ ಕಂಬ ಮೇಲೆ, ನೀರು ಕೆಳಗೆ, ಎಲ್ಲ ಸರಿಯಾಗಿಯೇ ಕಾಣುತ್ತದೆ. ಮೆದುಳು ತಿರುಗಿಸುತ್ತದೆ ಅಂತ ಟೀಚರ್ ಹೇಳಿದರು. ಹೇಗೆ ತಿರುಗಿಸುತ್ತದೆ? – ಹತ್ತನೇ ತರಗತಿ ವಿದ್ಯಾರ್ಥಿನಿ, ಕಾರವಾರ

ತುಂಬಾ ಒಳ್ಳೆಯ ಪ್ರಶ್ನೆ ಕೇಳಿದ್ದೀಯ. ಉತ್ತರ ಕೇಳಿದರೆ ನಿನಗೆ ಆಶ್ಚರ್ಯ ಆಗಬಹುದು. ಮೆದುಳು ಏನನ್ನೂ ತಿರುಗಿಸುವುದಿಲ್ಲ. ತಿರುಗಿಸಲಿಕ್ಕೆ ಅಲ್ಲಿಗೆ ಚಿತ್ರವೇ ಹೋಗುವುದಿಲ್ಲ.

ಚಿತ್ರ ಬೀಳುವುದು ಕಣ್ಣಿನ ಹಿಂಗೋಡೆಯ ತೆಳು ಪರದೆಯ ಮೇಲೆ, ಅಂದರೆ ರೆಟಿನಾದ ಮೇಲೆ. ಅಲ್ಲಿ ತಲೆಕೆಳಗಾಗಿ ಬೀಳುವುದು ನಿಜ. ಇದನ್ನು 1604ರಲ್ಲೇ ಕೆಪ್ಲರ್ ಲೆಕ್ಕ ಹಾಕಿ ಹೇಳಿದ್ದ. ಆದರೆ ಚಿತ್ರ ಅಂತ ಕರೆಯಬಹುದಾದದ್ದು ಅಲ್ಲಿಗೇ ಮುಗಿಯಿತು. ಮುಂದಕ್ಕೆ ಹೋಗುವುದು ನರಗಳಲ್ಲಿ ಸಾಗುವ ಸಣ್ಣ ಸಣ್ಣ ವಿದ್ಯುತ್ ಮಿಡಿತಗಳು. ಮೆದುಳಿನೊಳಗೆ ಕುರ್ಚಿ ಹಾಕಿಕೊಂಡು ಕೂತು ಪರದೆ ನೋಡುವವರು ಯಾರೂ ಇಲ್ಲ. ಕೈ ಎತ್ತಿದರೆ ಸಿಗುವುದು 'ಮೇಲೆ', ಕಾಲು ಇರುವ ಕಡೆ 'ಕೆಳಗೆ' ಅಂತ ಮೆದುಳು ಮೈಯ ಜೊತೆ ಹೊಂದಿಸಿಕೊಂಡಿದೆ, ಅಷ್ಟೇ. 1897ರಲ್ಲಿ ಅಮೆರಿಕದ ಸ್ಟ್ರಾಟನ್ ಅನ್ನುವವರು ಎಲ್ಲವನ್ನೂ ತಲೆಕೆಳಗೆ ಮಾಡಿ ತೋರಿಸುವ ಲೆನ್ಸನ್ನು 8 ದಿನ ಹಾಕಿಕೊಂಡಿದ್ದರು. ಮೊದಲು ಲೋಟ ಎತ್ತಲೂ ಒದ್ದಾಡಿದರು. ವಾರ ಕಳೆಯುವಷ್ಟರಲ್ಲಿ ಆರಾಮಾಗಿ ಓಡಾಡುತ್ತಿದ್ದರು. ಕಣ್ಣು ಬದಲಾಗಿರಲಿಲ್ಲ. ಕೈಕಾಲಿನ ಲೆಕ್ಕ ಹೊಸದಾಗಿ ಹೊಂದಿಕೊಂಡಿತ್ತು.

ಹಾಗಾದರೆ ಮೆದುಳಿಗೆ ಹೋಗುವುದು ಏನು? ರೆಟಿನಾದಲ್ಲಿ ಬೆಳಕು ಹಿಡಿಯುವ ಕೋಶಗಳು ಎರಡು ಬಗೆ. ಮಂದ ಬೆಳಕಿಗೆ ಸುಮಾರು 12 ಕೋಟಿ ರಾಡ್‌ಗಳು, ಬಣ್ಣಕ್ಕೆ ಮತ್ತು ಸಣ್ಣ ವಿವರಕ್ಕೆ ಸುಮಾರು 60 ಲಕ್ಷ ಕೋನ್‌ಗಳು. ಅಲ್ಲಿಂದ ಮೆದುಳಿಗೆ ಹೋಗುವ ನರದಲ್ಲಿ ಇರುವುದು ಮಾತ್ರ ಸುಮಾರು 10 ಲಕ್ಷ ಎಳೆ. ಬಂದರಿನಲ್ಲಿ ಬಲೆ ಬಿಡಿಸಿದ ಮೇಲೆ ಬಂಗಡೆ ಬೇರೆ, ತಾರ್ಲೆ ಬೇರೆ, ಸಿಗಡಿ ಬೇರೆ ಅಂತ ಆಯ್ದು ಬುಟ್ಟಿಗೆ ತುಂಬುವುದನ್ನು ನೀನು ನೋಡಿರುತ್ತೀಯ. ಕಣ್ಣೂ ಹಾಗೆಯೇ. ಎಲ್ಲವನ್ನೂ ಕಳಿಸುವುದಿಲ್ಲ. ಬೆಳಕು ಎಲ್ಲಿ ಮುಗಿದು ಕತ್ತಲೆ ಎಲ್ಲಿ ಶುರುವಾಯಿತು, ಬಣ್ಣ ಎಲ್ಲಿ ಬದಲಾಯಿತು, ಏನು ಅಲುಗಿತು, ಇಂಥದ್ದನ್ನು ಆಯ್ದು ಕಳಿಸುತ್ತದೆ. ಬರೀ ನೀಲಿ ಆಕಾಶದ ನಡುವಿನ ಬಗ್ಗೆ ಅದು ಹೇಳುವುದು ಬಹಳ ಕಡಿಮೆ.

ಈ ನರಗಳು ಮೆದುಳಿನ ತಳದಲ್ಲಿ ಅರ್ಧಕ್ಕರ್ಧ ಅಡ್ಡ ದಾಟುತ್ತವೆ. ನಿನ್ನ ಎಡಗಡೆ ಇರುವುದೆಲ್ಲ, ಯಾವ ಕಣ್ಣಿಂದ ನೋಡಿದರೂ, ಬಲ ಮೆದುಳಿಗೆ ಹೋಗುತ್ತದೆ. ಬಲಗಡೆಯದು ಎಡ ಮೆದುಳಿಗೆ. ನಡುವೆ ಥಲಾಮಸ್ ಅನ್ನುವ ಕಡೆ ಒಂದು ನಿಲ್ದಾಣ. ಅಲ್ಲಿಂದ ಸೀದಾ ಹಿಂದಲೆಗೆ. ಜಡೆ ಹಾಕುವಾಗ ಹಿಂದೆ ಕೈಗೆ ಸಿಗುವ ಉಬ್ಬು ಇದೆಯಲ್ಲ, ಅದರ ಒಳಗೆ. ನೋಡುವುದು ಮುಂದಿನಿಂದ, ಕಾಣುವುದು ಹಿಂದಿನಿಂದ! ಇದು ಗೊತ್ತಾದ ರೀತಿ ನೋವಿನದ್ದು. 1904–05ರ ರಷ್ಯಾ–ಜಪಾನ್ ಯುದ್ಧದಲ್ಲಿ ಹಿಂದಲೆಗೆ ಗುಂಡು ಬಿದ್ದು ಬದುಕಿ ಬಂದ ಸೈನಿಕರನ್ನು ಇನೂಯೆ ಎಂಬ ಜಪಾನಿ ಕಣ್ಣಿನ ಡಾಕ್ಟರು ಪರೀಕ್ಷೆ ಮಾಡಿದರು. ಗುಂಡು ಹೊಕ್ಕ ಜಾಗಕ್ಕೂ ನೋಟದಲ್ಲಿ ಕಾಣೆಯಾದ ಭಾಗಕ್ಕೂ ತಾಳೆ ನೋಡಿ, ಹಿಂದಲೆಯೊಳಗೆ ನೋಟದ ನಕ್ಷೆಯೇ ಇದೆ ಅಂತ ತೋರಿಸಿದರು. ಆ ನಕ್ಷೆಯಲ್ಲಿ ನೋಟದ ನಟ್ಟನಡುವಿಗೆ ಜಾಗ ತುಂಬಾ ಜಾಸ್ತಿ. ಅಂಚಿಗೆ ಕಡಿಮೆ.

ಅಲ್ಲಿಯ ಕೋಶಗಳ ಕೆಲಸ ಏನು ಅನ್ನುವುದು ಸಿಕ್ಕಿದ್ದು ಆಕಸ್ಮಿಕವಾಗಿ. 1950ರ ದಶಕದ ಕೊನೆಯಲ್ಲಿ ಹ್ಯೂಬೆಲ್ ಮತ್ತು ವೀಸೆಲ್ ಬೆಕ್ಕಿನ ಮೆದುಳಿನ ಒಂದೊಂದೇ ಕೋಶಕ್ಕೆ ತಂತಿ ತಾಗಿಸಿ, ಗಾಜಿನ ಸ್ಲೈಡಿನಿಂದ ಚುಕ್ಕಿ ತೋರಿಸುತ್ತಿದ್ದರು. ಕೋಶ ಸುಮ್ಮನಿತ್ತು. ಸ್ಲೈಡನ್ನು ಒಳಗೆ ತಳ್ಳುವಾಗ ಅದರ ಅಂಚಿನ ನೆರಳು ಸಣ್ಣ ಗೆರೆಯಾಗಿ ಸರಿಯಿತು. ಕೋಶ ಪಟಪಟ ಅಂತ ಮಿಡಿಯಿತು. ಅದಕ್ಕೆ ಬೇಕಾಗಿದ್ದು ಗೆರೆ, ಅದೂ ಒಂದೇ ಓರೆಯಲ್ಲಿ ಇರುವ ಗೆರೆ. ಪಕ್ಕದ ಕೋಶಕ್ಕೆ ಬೇರೆ ಓರೆ. ಈ ಕೆಲಸಕ್ಕೆ 1981ರಲ್ಲಿ ನೊಬೆಲ್ ಬಂತು. ಗೆರೆಗಳು ಸೇರಿ ಆಕಾರ, ಆಕಾರ ಸೇರಿ ಬೋಟು, ಮುಖ, ಅಕ್ಷರ, ಹೀಗೆ ಮುಂದಿನ ಭಾಗಗಳು ಕಟ್ಟುತ್ತಾ ಹೋಗುತ್ತವೆ. ಕಮ್ಮಿ ಬಿದ್ದದ್ದನ್ನು ಮೆದುಳು ತನ್ನ ಅನುಭವದಿಂದ ಊಹೆ ಮಾಡಿ ತುಂಬುತ್ತದೆ.

ಊಹೆಯಾ ಅಂತ ನಗಬೇಡ. ಈಗಲೇ ಮಾಡಿ ನೋಡು. ಎರಡೂ ಕೈ ಮುಂದೆ ಚಾಚಿ ಹೆಬ್ಬೆರಳು ಎತ್ತಿ ಹಿಡಿ. ಎಡಗಣ್ಣು ಮುಚ್ಚು. ಬಲಗಣ್ಣಿಂದ ಎಡಗೈಯ ಹೆಬ್ಬೆರಳನ್ನೇ ನೋಡುತ್ತಿರು. ಬಲಗೈಯನ್ನು ನಿಧಾನ ಬಲಕ್ಕೆ ಸರಿಸು. ಸುಮಾರು ಮುಕ್ಕಾಲು ಗೇಣು ದೂರ ಹೋದಾಗ ಬಲ ಹೆಬ್ಬೆರಳಿನ ತುದಿ ಮಾಯವಾಗುತ್ತದೆ. ನರ ಹೊರಗೆ ಹೋಗುವ ಜಾಗದಲ್ಲಿ ರೆಟಿನಾಕ್ಕೆ ಬೆಳಕು ಹಿಡಿಯುವ ಕೋಶಗಳೇ ಇಲ್ಲ, ಅದಕ್ಕೆ. ಅಲ್ಲಿ ಕಪ್ಪು ತೂತು ಕಂಡಿತಾ? ಇಲ್ಲ ಅಲ್ವಾ? ಹಿಂದಿನ ಗೋಡೆಯ ಬಣ್ಣವನ್ನೇ ಮೆದುಳು ಅಲ್ಲಿ ಬಳಿದುಬಿಟ್ಟಿದೆ.

ಇನ್ನೊಂದು. ಕನ್ನಡಿ ಮುಂದೆ ನಿಂತು ನಿನ್ನ ಎಡಗಣ್ಣು ನೋಡು, ಆಮೇಲೆ ಬಲಗಣ್ಣು ನೋಡು. ನಿನ್ನ ಕಣ್ಣು ಸರಿದದ್ದು ನಿನಗೆ ಕಾಣುವುದೇ ಇಲ್ಲ. ಪಕ್ಕದಲ್ಲಿ ನಿಂತ ಅಮ್ಮನಿಗೆ ಚೆನ್ನಾಗಿ ಕಾಣುತ್ತದೆ. ನಮ್ಮ ಕಣ್ಣು ಸೆಕೆಂಡಿಗೆ ಮೂರು ನಾಲ್ಕು ಸಲ ಹೀಗೆ ಜಿಗಿಯುತ್ತದೆ. ಆ ಜಿಗಿತದ ಹೊತ್ತಿನ ಮಸುಕನ್ನು ಮೆದುಳು ಒತ್ತಿಹಿಡಿಯುತ್ತದೆ. ಇಲ್ಲದಿದ್ದರೆ ಜಗತ್ತು ದಿನವಿಡೀ ಅಲ್ಲಾಡುತ್ತಿತ್ತು. ಪಾಠ ಮಾಡಿದ ಟೀಚರಿಗೂ ಇವೆರಡನ್ನು ಮಾಡಿ ತೋರಿಸು.

ಪ್ರಶ್ನೆ: ಉಂಚಳ್ಳಿ ಜಲಪಾತವನ್ನು ಸ್ವಲ್ಪ ಹೊತ್ತು ದಿಟ್ಟಿಸಿ ಪಕ್ಕದ ಬಂಡೆ ನೋಡಿದರೆ ಬಂಡೆ ಮೇಲಕ್ಕೆ ಹೋದಂತೆ ಕಂಡಿತು. ಗೆಳೆಯರಿಗೂ ಹಾಗೇ ಆಯಿತು. ಕಣ್ಣಿನ ತೊಂದರೆಯಾ? – ಕಾಲೇಜು ವಿದ್ಯಾರ್ಥಿ, ಸಿದ್ದಾಪುರ

ತೊಂದರೆ ಏನೂ ಇಲ್ಲ. 1834ರಲ್ಲಿ ಸ್ಕಾಟ್ಲೆಂಡಿನ ಫಾಯರ್ಸ್ ಜಲಪಾತದ ಎದುರು ನಿಂತ ಆ್ಯಡಮ್ಸ್ ಎಂಬವರು ನಿಮ್ಮ ಹಾಗೆಯೇ ಬಂಡೆ ಮೇಲೇರುವುದನ್ನು ಕಂಡು ಬರೆದಿಟ್ಟಿದ್ದಾರೆ. ಉಂಚಳ್ಳಿಯಲ್ಲಿ ಅಘನಾಶಿನಿ 116 ಮೀಟರ್ ಇಳಿಯುತ್ತಾಳೆ. ನೋಡಲಿಕ್ಕೆ ಅದಕ್ಕಿಂತ ಒಳ್ಳೆಯ ಜಾಗ ಸಿಗಲಿಕ್ಕಿಲ್ಲ.

ಮೆದುಳಿನಲ್ಲಿ ಚಲನೆಗೆ ಅಂತಲೇ ಕೋಶಗಳಿವೆ. ಕೆಲವು ಕೆಳಮುಖ ಚಲನೆಗೆ, ಕೆಲವು ಮೇಲ್ಮುಖಕ್ಕೆ. ನಿಂತ ಬಂಡೆ ನೋಡುವಾಗ ಎರಡೂ ಸಮ ತೂಗುತ್ತವೆ. ಒಂದು ನಿಮಿಷ ನೀರು ಬೀಳುವುದನ್ನೇ ನೋಡಿದರೆ ಕೆಳಮುಖದವು ದಣಿಯುತ್ತವೆ. ಆಮೇಲೆ ಬಂಡೆ ನೋಡಿದಾಗ ತಕ್ಕಡಿ ಮೇಲ್ಮುಖದ ಕಡೆ ವಾಲುತ್ತದೆ. ಚಂದದ ವಿಷಯ ಏನೆಂದರೆ, ಬಂಡೆ ಮೇಲೇರಿದ ಹಾಗೆ ಕಂಡರೂ ಇದ್ದ ಜಾಗ ಬಿಟ್ಟು ಕದಲುವುದಿಲ್ಲ. ಚಲನೆಯ ಲೆಕ್ಕ ಬೇರೆ ಕಡೆ, ಜಾಗದ ಲೆಕ್ಕ ಬೇರೆ ಕಡೆ ನಡೆಯುತ್ತದೆ. ಮುಂದಿನ ಸಲ ಹೋದಾಗ ಬಲಗಣ್ಣು ಮುಚ್ಚಿ ಎಡಗಣ್ಣಿಂದ ಮಾತ್ರ ನೀರು ನೋಡಿ. ಆಮೇಲೆ ಎಡಗಣ್ಣು ಮುಚ್ಚಿ ಬಲಗಣ್ಣಿಂದ ಬಂಡೆ ನೋಡಿ. ಆಗಲೂ ಸ್ವಲ್ಪ ಏರುತ್ತದೆ! ನೀರನ್ನೇ ನೋಡದ ಕಣ್ಣು ದಣಿಯಲಿಕ್ಕೆ ಸಾಧ್ಯವಿಲ್ಲ. ದಣಿದದ್ದು ಎರಡೂ ಕಣ್ಣಿನ ಸುದ್ದಿ ಸೇರುವ ಮೆದುಳಿನ ಜಾಗ.

ಈ ಚಲನೆಯ ಭಾಗಕ್ಕೇ ಪೆಟ್ಟು ಬಿದ್ದರೆ? 1983ರಲ್ಲಿ ಜರ್ಮನಿಯ ವೈದ್ಯರು ಅಂಥ ಮಹಿಳೆಯೊಬ್ಬರ ಬಗ್ಗೆ ಬರೆದರು. ಬಣ್ಣ, ಆಕಾರ ಎಲ್ಲ ಕಾಣುತ್ತಿತ್ತು. ಚಲನೆ ಕಾಣುತ್ತಿರಲಿಲ್ಲ. ಕಪ್ಪಿಗೆ ಚಹಾ ಬಗ್ಗಿಸಿದರೆ ಧಾರೆ ಹೆಪ್ಪುಗಟ್ಟಿದ ಹಾಗೆ ಕಾಣುತ್ತಿತ್ತು. ಕಪ್ಪು ತುಂಬುವುದು ಗೊತ್ತಾಗದೆ ಚಹಾ ಚೆಲ್ಲುತ್ತಿತ್ತು. ದೂರ ಇದ್ದ ಕಾರು ಇದ್ದಕ್ಕಿದ್ದಂತೆ ಹತ್ತಿರ ಇರುತ್ತಿತ್ತು. ಚಹಾ ಸೋಸುವಾಗೆಲ್ಲ ನನಗೆ ಅವರ ನೆನಪಾಗುತ್ತದೆ.

ಪ್ರಶ್ನೆ: ರಾತ್ರಿ ಬೋಟಿಗೆ ಹೋದರೆ ಹಿರಿಯರು ಮೊಬೈಲ್ ತೆಗೆಯಲು ಬಿಡುವುದಿಲ್ಲ. ದೂರದ ಮಂದ ದೀಪ ನೋಡಬೇಕಾದರೆ 'ಸೀದಾ ನೋಡಬೇಡ, ಬದಿಗೆ ನೋಡು' ಅನ್ನುತ್ತಾರೆ. ಇದರಲ್ಲಿ ಅರ್ಥ ಇದೆಯಾ? – ಮೀನುಗಾರ ಯುವಕ, ತದಡಿ

ಇದೆ. ಹಿರಿಯರು ಹೇಳಿದ್ದು ಪೂರ್ತಿ ಸರಿ. ಕತ್ತಲೆಯಲ್ಲಿ ಕೆಲಸ ಮಾಡುವ ರಾಡ್‌ಗಳು ರೆಟಿನಾದ ನಟ್ಟನಡುವೆ ಇರುವುದೇ ಇಲ್ಲ. ಸೀದಾ ನೋಡಿದರೆ ಮಂದ ದೀಪ ಆ ನಡುವಿಗೇ ಬಿದ್ದು ಕಾಣೆಯಾಗುತ್ತದೆ. ಸ್ವಲ್ಪ ಬದಿಗೆ ನೋಡಿದರೆ ರಾಡ್‌ಗಳ ಮೇಲೆ ಬಿದ್ದು ಕಾಣುತ್ತದೆ. ರಾಡ್‌ಗಳು ಕತ್ತಲೆಗೆ ಪೂರ್ತಿ ಹೊಂದಿಕೊಳ್ಳಲು 20–30 ನಿಮಿಷ ಬೇಕು. ಮೊಬೈಲಿನ ಬೆಳಕು ಬಿದ್ದರೆ ಅಷ್ಟೂ ಹಾಳು. ಮತ್ತೆ ಮೊದಲಿಂದ ಕಾಯಬೇಕು. ಬೆಳಕು ಬೇಕೇ ಬೇಕಾದರೆ ಮಂದ ಕೆಂಪು ಬೆಳಕು ಇಟ್ಟುಕೊಳ್ಳಿ. ಕಡುಗೆಂಪಿಗೆ ರಾಡ್‌ಗಳು ಹೆಚ್ಚು ಸ್ಪಂದಿಸುವುದಿಲ್ಲ. ಅರ್ಧ ಗಂಟೆ ಕತ್ತಲಲ್ಲಿದ್ದರೂ ಜೊತೆಯವರಿಗೆ ಕಂಡದ್ದು ನಿಮಗೆ ಕಾಣುವುದೇ ಇಲ್ಲ ಅಂತಾದರೆ ಅದು ಇರುಳುಗಣ್ಣಿರಬಹುದು. ತಡ ಮಾಡದೆ ಪರೀಕ್ಷೆ ಮಾಡಿಸಿ.

ಪ್ರಶ್ನೆ: ಕುಮಟಾದಿಂದ ಶಿರಸಿಗೆ ಹೋಗುವಾಗ ದೇವಿಮನೆ ಘಟ್ಟದಲ್ಲಿ ಮೊಬೈಲ್ ನೋಡಿದರೆ ಮಗಳಿಗೆ ವಾಂತಿ. ಯಾಕೆ? – ಕುಮಟಾದ ಓದುಗರು

ಬಸ್ಸು ತಿರುಗುವುದು ಕಿವಿಯೊಳಗಿನ ಸಮತೋಲನದ ಅಂಗಕ್ಕೆ ಗೊತ್ತಾಗುತ್ತದೆ. ಮೊಬೈಲ್ ನೋಡುವ ಕಣ್ಣು ಮಾತ್ರ 'ಏನೂ ಅಲುಗುತ್ತಿಲ್ಲ' ಅನ್ನುತ್ತದೆ. ಎರಡು ಸುದ್ದಿ ಹೊಂದದೆ ಹೊಟ್ಟೆ ತೊಳಸುತ್ತದೆ. ಮುಂದಿನ ಸೀಟಿನಲ್ಲಿ ಕೂರಿಸಿ. ದೂರದ ರಸ್ತೆ ನೋಡಲು ಹೇಳಿ.

ಪ್ರಶ್ನೆ: ಐದು ವರ್ಷದ ಮಗನಿಗೆ ಎಡಗಣ್ಣಿನ ದೃಷ್ಟಿ ಕಡಿಮೆ. ಕನ್ನಡಕ ಕೊಟ್ಟಿದ್ದಾರೆ. ಜೊತೆಗೆ ಚೆನ್ನಾಗಿರುವ ಬಲಗಣ್ಣಿಗೆ ದಿನಾ ಪಟ್ಟಿ ಹಚ್ಚಿ ಅಂತಾರೆ. ಅವನು ಅಳುತ್ತಾನೆ. ಒಳ್ಳೆಯ ಕಣ್ಣನ್ನೇ ಮುಚ್ಚುವುದು ಯಾವ ನ್ಯಾಯ, ದೊಡ್ಡವನಾದ ಮೇಲೆ ನೋಡಿದರಾಯಿತು ಅಂತ ಅತ್ತೆ ಹೇಳುತ್ತಾರೆ. – ತಾಯಿ, ಅಂಕೋಲಾ

ತಾಯಿ, ದಯವಿಟ್ಟು ಪಟ್ಟಿ ಬಿಡಬೇಡಿ. ಅತ್ತೆಯವರ ಸಂಕಟ ನನಗೆ ಅರ್ಥವಾಗುತ್ತದೆ. ಅವರಿಗೂ ಇದನ್ನು ಓದಿ ಹೇಳಿ.

ಇದನ್ನು ಸೋಮಾರಿ ಕಣ್ಣು ಅನ್ನುತ್ತಾರೆ. ಹೆಸರು ನನಗೆ ಇಷ್ಟವಿಲ್ಲ, ಕಣ್ಣು ಸೋಮಾರಿಯಲ್ಲ. ಒಂದು ಕಣ್ಣಿಗೆ ಪವರ್ ಜಾಸ್ತಿ ಇದ್ದರೆ, ಮೆಳ್ಳೆಗಣ್ಣಿದ್ದರೆ, ಹುಟ್ಟಿನಿಂದ ಪೊರೆ ಇದ್ದರೆ, ಆ ಕಣ್ಣಿನಿಂದ ಮಸುಕು ಸುದ್ದಿ ಬರುತ್ತದೆ. ಬೆಳೆಯುವ ಮೆದುಳು ಸ್ಪಷ್ಟವಾಗಿ ಹೇಳುವ ಕಣ್ಣಿನ ಮಾತನ್ನೇ ಕೇಳುತ್ತದೆ. ಇನ್ನೊಂದನ್ನು ಕೇಳುವುದು ಬಿಡುತ್ತದೆ. ಮೇಲೆ ಹೇಳಿದ ಹ್ಯೂಬೆಲ್, ವೀಸೆಲ್ ಇದನ್ನೂ ತೋರಿಸಿದರು. ಎಳೆಯ ಬೆಕ್ಕಿನ ಮರಿಯ ಒಂದು ಕಣ್ಣು ಕೆಲವು ವಾರ ಮುಚ್ಚಿಟ್ಟು ತೆರೆದರೆ, ಕಣ್ಣು ಚೆನ್ನಾಗಿಯೇ ಇದ್ದರೂ ಮೆದುಳಿನ ಕೋಶಗಳು ಅದಕ್ಕೆ ಉತ್ತರ ಕೊಡುವುದಿಲ್ಲ. ಅದರ ಪಾಲಿನ ಜಾಗವನ್ನು ಇನ್ನೊಂದು ಕಣ್ಣು ಹಿಡಿದುಬಿಟ್ಟಿರುತ್ತದೆ. ದೊಡ್ಡ ಬೆಕ್ಕಿನ ಕಣ್ಣು ಮುಚ್ಚಿಟ್ಟರೆ ಹೀಗಾಗುವುದಿಲ್ಲ. ಅಂದರೆ ಮೆದುಳು ನೋಡಲು ಕಲಿಯುವುದಕ್ಕೆ ಒಂದು ವಯಸ್ಸಿದೆ.

ಪಟ್ಟಿ ಹಚ್ಚುವುದು ಈ ವಯಸ್ಸು ದಾಟುವ ಮೊದಲು ಎಡಗಣ್ಣಿಗೆ ಅದರ ಪಾಲು ವಾಪಸು ಕೊಡಿಸಲು. ಏಳು ವರ್ಷದೊಳಗೆ ಫಲ ಚೆನ್ನಾಗಿ ಸಿಗುತ್ತದೆ. ಆಮೇಲೂ ಸ್ವಲ್ಪ ಸಿಗಬಹುದು, ಆದರೆ ಕಷ್ಟ ಜಾಸ್ತಿ, ಗಳಿಕೆ ಕಡಿಮೆ. ಮಿಲಿಟರಿಗೆ ಸೇರಬೇಕು ಅಂತ ಬೆಳಿಗ್ಗೆ ಬೆಳಿಗ್ಗೆ ಕಡಲ ದಂಡೆಯಲ್ಲಿ ಓಡಿ ತಯಾರಾದ ಹುಡುಗನೊಬ್ಬ ಒಮ್ಮೆ ನನ್ನೆದುರು ಕೂತಿದ್ದ. ಇಪ್ಪತ್ತು ವರ್ಷ. ವೈದ್ಯಕೀಯ ಪರೀಕ್ಷೆಯಲ್ಲಿ ಬಲಗಣ್ಣು ಮುಚ್ಚಿಸಿದಾಗಲೇ ಎಡಗಣ್ಣಿಗೆ ದೊಡ್ಡಕ್ಷರವೂ ಕಾಣುವುದಿಲ್ಲ ಅಂತ ಅವನಿಗೆ ಗೊತ್ತಾಗಿದ್ದು. 'ಆಪರೇಷನ್ ಮಾಡಿ ಸರಿ ಮಾಡಿ' ಅಂದ. ಆಪರೇಷನ್ ಮಾಡಲು ಕಣ್ಣಲ್ಲಿ ಏನೂ ಇರಲಿಲ್ಲ. ಅವನಿಗೆ ಅದನ್ನು ಹೇಳಿದ ದಿನ ನಾನು ಮರೆತಿಲ್ಲ.

ಎಷ್ಟು ಗಂಟೆ ಪಟ್ಟಿ ಅಂತ ನಿಮ್ಮ ಡಾಕ್ಟರು ಹೇಳಿದಷ್ಟೇ ಮಾಡಿ. ಮಧ್ಯಮ ಮಟ್ಟದ ತೊಂದರೆಗೆ ದಿನಕ್ಕೆ 2 ಗಂಟೆಯೂ ಸಾಕಾಗುತ್ತದೆ. ಕನ್ನಡಕ ಮಾತ್ರ ಇಡೀ ದಿನ. ಪಟ್ಟಿ ಇರುವ ಹೊತ್ತಿನಲ್ಲಿ ಮಗುವಿಗೆ ಹತ್ತಿರದ ಕೆಲಸ ಕೊಡಿ: ಬಣ್ಣ ಹಚ್ಚುವುದು, ಅವಲಕ್ಕಿಯಲ್ಲಿ ಶೇಂಗಾ ಹೆಕ್ಕುವುದು, ಚಿಪ್ಪು ಪೋಣಿಸುವುದು. ಪಟ್ಟಿ ಏನೂ ಮಾಡಿದರೂ ಇಟ್ಟುಕೊಳ್ಳುವುದಿಲ್ಲ ಅಂದರೆ ಒಳ್ಳೆಯ ಕಣ್ಣನ್ನು ತಾತ್ಕಾಲಿಕವಾಗಿ ಮಸುಕು ಮಾಡುವ ಔಷಧದ ಹನಿಯೂ ಇದೆ. ಅದನ್ನು ಡಾಕ್ಟರೇ ಹೇಳಬೇಕು, ನೀವಾಗಿ ಹಾಕಬೇಡಿ.

ಪ್ರಶ್ನೆ: ನಮ್ಮ ಅಜ್ಜಿಗೆ 83. ರೆಟಿನಾದ ನಡುಭಾಗ ಸವೆದು ದೃಷ್ಟಿ ಬಹಳ ಕಡಿಮೆಯಾಗಿದೆ. ಮೂರು ತಿಂಗಳಿಂದ ಸಂಜೆ ಜಗಲಿಯಲ್ಲಿ ಕೂತಾಗ ಅಂಗಳದಲ್ಲಿ ಜನ ಕಾಣುತ್ತಾರಂತೆ. ಸಣ್ಣ ಸಣ್ಣ ಮನುಷ್ಯರು, ಬಣ್ಣದ ಬಟ್ಟೆ, ತಲೆಗೆ ಪಗಡೆ ಕಟ್ಟಿದವರು. ಮಾತಾಡುವುದಿಲ್ಲ. 'ವೇಷದವರು ಬಂದಿದ್ದಾರೆ' ಅನ್ನುತ್ತಿದ್ದರು. ಈಗ ಹೇಳುವುದನ್ನೇ ಬಿಟ್ಟಿದ್ದಾರೆ. ಗಾಳಿ ಸೋಕಿದೆ ಅಂತ ಕೆಲವರು, ಬುದ್ಧಿ ಭ್ರಮಣೆ ಅಂತ ಕೆಲವರು. 'ನಂಗೆ ಮರ್ಲು ಹಿಡಿತಾ' ಅಂತ ನನ್ನ ಹತ್ತಿರ ಗುಟ್ಟಾಗಿ ಕೇಳಿದರು. ಉಳಿದಂತೆ ಲೆಕ್ಕ, ನೆನಪು ಎಲ್ಲ ಸರಿಯಾಗಿದೆ. – ಮೊಮ್ಮಗಳು, ಶಿರಸಿ ಹತ್ತಿರದ ಹಳ್ಳಿ

ಈ ಪತ್ರವನ್ನು ಎರಡು ಸಲ ಓದಿದೆ. ನೀವು ಬರೆದದ್ದು ತುಂಬಾ ಒಳ್ಳೆಯದಾಯಿತು.

1760ರಲ್ಲಿ ಜಿನೀವಾದ ಚಾರ್ಲ್ಸ್ ಬೋನೆ ಎಂಬ ವಿಜ್ಞಾನಿ ತನ್ನ ತಾತನ ಬಗ್ಗೆ ಬರೆದ. ತಾತನಿಗೆ 89. ಪೊರೆಯಿಂದ ದೃಷ್ಟಿ ಹೋಗಿತ್ತು. ಬುದ್ಧಿ ಚುರುಕಾಗಿತ್ತು. ಅವರಿಗೆ ಮನುಷ್ಯರು, ಹಕ್ಕಿಗಳು, ಗಾಡಿಗಳು, ಕಟ್ಟಡಗಳು ಕಾಣುತ್ತಿದ್ದವು. ನಿಜವಲ್ಲ ಅಂತ ಅವರಿಗೇ ಗೊತ್ತಿತ್ತು. ಅದಕ್ಕೇ ಇದಕ್ಕೆ ಚಾರ್ಲ್ಸ್ ಬೋನೆ ಸಿಂಡ್ರೋಮ್ ಅನ್ನುವ ಹೆಸರು. ನೀವು ಬರೆದದ್ದು ಅದಕ್ಕೆ ಬಹಳ ಹತ್ತಿರ ಇದೆ. ಬಣ್ಣದ ಉಡುಪು, ತಲೆಯ ಮೇಲೆ ಟೋಪಿಯೋ ಕಿರೀಟವೋ ಇರುವ ಪುಟ್ಟ ಮನುಷ್ಯರು ಬೇರೆ ದೇಶಗಳ ಅಜ್ಜ ಅಜ್ಜಿಯರಿಗೂ ಕಾಣುತ್ತಾರೆ. ರಾತ್ರಿಯಿಡೀ ಯಕ್ಷಗಾನದ ಆಟ ನೋಡಿ ಬೆಳೆದ ನಿಮ್ಮ ಅಜ್ಜಿ ಅವರನ್ನು ವೇಷದವರು ಅಂದರು. ಅವರು ಕಂಡದ್ದಕ್ಕೆ ಅದಕ್ಕಿಂತ ಸರಿಯಾದ ಹೆಸರು ನನಗೂ ಹೊಳೆಯುವುದಿಲ್ಲ.

ಯಾಕೆ ಹೀಗೆ? ಕಣ್ಣಿನಿಂದ ಸುದ್ದಿ ಬರುವುದು ಕಡಿಮೆಯಾದರೂ ಹಿಂದಲೆಯ ನೋಡುವ ಭಾಗಗಳು ಆರೋಗ್ಯವಾಗಿಯೇ ಇರುತ್ತವೆ. ಕೆಲಸವಿಲ್ಲದ ಆ ಕೋಶಗಳು ತಾವಾಗಿಯೇ ಮಿಡಿಯತೊಡಗುತ್ತವೆ. ಕಾಣುವುದು ಅಂದರೆ ಆ ಮಿಡಿತವೇ ಆದ್ದರಿಂದ, ಕಂಡದ್ದು ನಿಜವಾಗಿ ಎದುರಿಗೆ ಇದ್ದ ಹಾಗೆಯೇ ಇರುತ್ತದೆ. 1998ರಲ್ಲಿ ಲಂಡನ್ನಿನಲ್ಲಿ ಇಂಥವರ ಮೆದುಳನ್ನು ಸ್ಕ್ಯಾನ್ ಮಾಡಿ ನೋಡಿದರು. ಮುಖ ಕಂಡಾಗ ಮುಖ ಗುರುತಿಸುವ ಭಾಗವೇ ಚುರುಕಾಗಿತ್ತು. ಬಣ್ಣ ಕಂಡಾಗ ಬಣ್ಣದ ಭಾಗ. ಅಜ್ಜಿ ಸುಳ್ಳು ಹೇಳುತ್ತಿಲ್ಲ, ಕಲ್ಪಿಸಿಕೊಳ್ಳುತ್ತಿಲ್ಲ. ಕಾರವಾರದ ಹುಡುಗಿಗೆ ಮೇಲೆ ಹೇಳಿದ ಹೆಬ್ಬೆರಳಿನ ಪರೀಕ್ಷೆ ಮಾಡಿ ನೋಡಿ. ನಿಮ್ಮ ಮೆದುಳು ಒಂದು ಚುಕ್ಕಿಯಷ್ಟು ಜಾಗ ತುಂಬುತ್ತದೆ. ಅಜ್ಜಿಯದು ಅಂಗಳದಷ್ಟು.

ಸಂಜೆ, ಮಬ್ಬು ಬೆಳಕು, ಸುಮ್ನೆ ಒಬ್ಬರೇ ಕೂತ ಹೊತ್ತು, ಇವೇ ಇದಕ್ಕೆ ಅನುಕೂಲ. ಹಾಗಾಗಿ ಕತ್ತಲಾಗುವ ಮೊದಲೇ ಜಗಲಿಯ ದೀಪ ಹಾಕಿ, ಸ್ವಲ್ಪ ಜೋರು ಬಲ್ಬೇ ಇರಲಿ. ಕಂಡಾಗ ಗಟ್ಟಿಯಾಗಿ ಕಣ್ಣು ಮಿಟುಕಿಸಲಿ, ತಲೆ ಅಲ್ಲಾಡಿಸದೆ ಕಣ್ಣನ್ನು ಎಡಕ್ಕೂ ಬಲಕ್ಕೂ ಹತ್ತಾರು ಸಲ ಹೊರಳಿಸಲಿ, ಎದ್ದು ನಾಲ್ಕು ಹೆಜ್ಜೆ ಇಡಲಿ. ಹಲವರಿಗೆ ಆಗಲೇ ಮಾಯವಾಗುತ್ತದೆ. ತಿಂಗಳುಗಳು ಕಳೆದಂತೆ ತಾನಾಗಿ ಕಡಿಮೆಯಾಗುವುದೂ ಉಂಟು. ಕೆಲವರಿಗೆ ವರ್ಷಗಟ್ಟಲೆ ಇರುತ್ತದೆ, ಆದರೆ ಹೆದರಿಕೆ ಹೋಗಿರುತ್ತದೆ.

ಒಮ್ಮೆ ಡಾಕ್ಟರಿಗೆ ತೋರಿಸುವುದನ್ನು ಮಾತ್ರ ತಪ್ಪಿಸಬೇಡಿ. ಕಣ್ಣಲ್ಲಿ ಪೊರೆಯೂ ಇದ್ದರೆ ಅದನ್ನು ತೆಗೆಸಿದರೂ ಉಪಕಾರವಾಗುತ್ತದೆ. ತೆಗೆದುಕೊಳ್ಳುವ ಎಲ್ಲ ಮಾತ್ರೆಗಳ ಚೀಟಿ ಒಯ್ಯಿರಿ, ಕೆಲವು ಔಷಧಗಳಿಂದಲೂ ಹೀಗೆ ಕಾಣಬಹುದು. ಕಂಡವರು ಮಾತಾಡುತ್ತಾರೆ ಅಂದರೆ, ಅವರು ನಿಜವೇ ಅಂತ ಹಟ ಹಿಡಿದರೆ, ಮರೆವು, ಕೈನಡುಕ, ಹೊತ್ತು ಗೊತ್ತಾಗದ ಗೊಂದಲ ಜೊತೆಗಿದ್ದರೆ ಅದು ಬೇರೆ ಕಾಯಿಲೆ ಇರಬಹುದು, ಆಗ ನರರೋಗ ತಜ್ಞರನ್ನು ಬೇಗ ಕಾಣಬೇಕು. ಗಾಳಿ ಸೋಕಿದ್ದಕ್ಕೆ ಅಂತ ಯಾರ ಹತ್ತಿರವೂ ಕರೆದುಕೊಂಡು ಹೋಗಬೇಡಿ. ಅವರ ಹೆದರಿಕೆ ಇನ್ನೂ ಜಾಸ್ತಿಯಾಗುತ್ತದೆ.

ಇಷ್ಟಾದ ಮೇಲೆ ಅಜ್ಜಿಯ ಪಕ್ಕ ಕೂತು, ಮುಂದಿನ ಎರಡು ಸಾಲನ್ನು ಅವರಿಗೇ ಓದಿ ಹೇಳಿ.

ಅಜ್ಜೀ, ನಿಮಗೆ ಮರ್ಲು ಹಿಡಿದಿಲ್ಲ. ನಿಮ್ಮ ಕಣ್ಣು ಸೋತಿದೆ, ಮೆದುಳು ಸೋತಿಲ್ಲ. ವೇಷದವರು ಮತ್ತೆ ಬಂದರೆ ಮೊಮ್ಮಗಳನ್ನು ಕರೆದು ಹೇಳಿ, ಮುಚ್ಚಿಡಬೇಡಿ.